ಟಿಐ-84 ಪ್ಲಸ್ ಸಿಇ ಕ್ಯಾಲ್ಕ್ಯುಲೇಟರಿಗೆ ಆಟ ಹಾಕುವುದು, ಆಡುವುದು: ಸಮಗ್ರ ಮಾರ್ಗದರ್ಶಿ

ಸಿಇಟಿ ಬರೆಯುವ ಕೋಣೆಗೆ ಕ್ಯಾಲ್ಕ್ಯುಲೇಟರನ್ನು ಬಿಡುವುದೇ ಇಲ್ಲ, ಗೇಟ್ ಪರೀಕ್ಷೆಯಲ್ಲಿ ಕಂಪ್ಯೂಟರ್ ಪರದೆಯ ಮೇಲೆ ಬರುವುದನ್ನೇ ಬಳಸಬೇಕು. ಹಾಗಾಗಿ ಗ್ರಾಫಿಂಗ್ ಕ್ಯಾಲ್ಕ್ಯುಲೇಟರ್ ನಮ್ಮಲ್ಲಿ ಎಲ್ಲರ ಬ್ಯಾಗಿನಲ್ಲೂ ಇರುವ ವಸ್ತುವಲ್ಲ. ಬೆಂಗಳೂರಿನ ಐಬಿ (ಇಂಟರ್‌ನ್ಯಾಷನಲ್ ಬ್ಯಾಕಲೋರಿಯೆಟ್) ಶಾಲೆಗಳ ಮಕ್ಕಳ ಕೈಯಲ್ಲಿದೆ. ಅಮೆರಿಕದಲ್ಲಿ ಹೈಸ್ಕೂಲು ಓದುವ ಕನ್ನಡದ ಮಕ್ಕಳ ಕೈಯಲ್ಲಂತೂ ಇದ್ದೇ ಇರುತ್ತದೆ. ಅಲ್ಲಿಂದ ರಜೆಗೆ ಬಂದವರು ಬಿಟ್ಟುಹೋದದ್ದು ಮನೆಯ ಕಪಾಟಿನಲ್ಲಿ ಮಲಗಿರುವುದೂ ಉಂಟು. ಇವುಗಳಲ್ಲಿ ಹೆಚ್ಚಿನವು ಟೆಕ್ಸಾಸ್ ಇನ್‌ಸ್ಟ್ರುಮೆಂಟ್ಸ್‌ನ ಟಿಐ-84 ಮನೆತನದವು. ಈ ಬರಹ ಅದರಲ್ಲೂ ಬಣ್ಣದ ಪರದೆಯ ಟಿಐ-84 ಪ್ಲಸ್ ಸಿಇ ಬಗ್ಗೆ. ಹಳೆಯ ಕಪ್ಪು-ಬಿಳುಪಿನ 84 ಪ್ಲಸ್‌ಗೆ ಬೇಕಾದದ್ದನ್ನೂ ನಡುವೆ ಹೇಳಿದ್ದೇವೆ.

ಮೊದಲೇ ಒಂದು ಮಾತು. ಆಟ ಓಡಲಿಲ್ಲ ಎಂದು ಕೈಚೆಲ್ಲುವವರು ಬಹುಪಾಲು ಎಡವುವುದು ಮೂರು ಕಡೆ: ಕ್ಯಾಲ್ಕ್ಯುಲೇಟರಿನ ಮಾಡೆಲ್ ಯಾವುದು, ಅದರೊಳಗಿನ ಓಎಸ್ (ಯಂತ್ರವನ್ನು ನಡೆಸುವ ಮೂಲ ತಂತ್ರಾಂಶ) ಆವೃತ್ತಿ ಯಾವುದು, ಇಳಿಸಿಕೊಂಡ ಆಟ ಯಾವ ಜಾತಿಯ ಪ್ರೋಗ್ರಾಮು. ಈ ಮೂರನ್ನು ಮೊದಲೇ ತಿಳಿದುಕೊಂಡರೆ ಉಳಿದದ್ದು ಅರ್ಧ ಗಂಟೆಯ ಕೆಲಸ.

ಕೈಯಲ್ಲಿರುವುದು ಯಾವ ಮಾಡೆಲ್?

ಪರದೆಯ ಮೇಲ್ಗಡೆ ಬರೆದಿರುವ ಹೆಸರನ್ನು ಕೊನೆಯ ಅಕ್ಷರದವರೆಗೂ ಓದಿ. ‘ಟಿಐ-84 ಪ್ಲಸ್’ ಮತ್ತು ‘ಟಿಐ-84 ಪ್ಲಸ್ ಸಿಇ’ ಹೆಸರಿನಲ್ಲಿ ಅಣ್ಣತಮ್ಮಂದಿರು, ಒಳಗೆ ಬೇರೆಬೇರೆ ಯಂತ್ರಗಳು.

2004ರಲ್ಲಿ ಬಂದ 84 ಪ್ಲಸ್‌ನಲ್ಲಿ 15 ಮೆಗಾಹರ್ಟ್ಸ್‌ನ ಝಡ್80 ಪ್ರೊಸೆಸರ್, 96×64 ಚುಕ್ಕಿಗಳ ಕಪ್ಪು-ಬಿಳುಪು ಪರದೆ, ಬಳಕೆಗೆ ಸಿಗುವ ರ್‍ಯಾಮ್ 24 ಕೆಬಿ. ನಾಲ್ಕು ಟ್ರಿಪಲ್-ಎ ಬ್ಯಾಟರಿಗಳಲ್ಲಿ ನಡೆಯುತ್ತದೆ. 2015ರಲ್ಲಿ ಬಂದ ಸಿಇಯಲ್ಲಿ 48 ಮೆಗಾಹರ್ಟ್ಸ್‌ನ ಇಝಡ್80, 320×240ರ ಬಣ್ಣದ ಪರದೆ, ಬಳಕೆಗೆ 154 ಕೆಬಿ ರ್‍ಯಾಮ್, 3 ಎಂಬಿ ಆರ್ಕೈವ್. ಬ್ಯಾಟರಿ ರೀಚಾರ್ಜ್ ಆಗುವಂಥದ್ದು. ಇವೆರಡರ ನಡುವೆ 2013ರಲ್ಲಿ ‘ಪ್ಲಸ್ ಸಿ ಸಿಲ್ವರ್ ಎಡಿಷನ್’ ಎಂಬ ಇನ್ನೊಂದು ಬಣ್ಣದ ಮಾಡೆಲ್ ಬಂದಿತ್ತು. ಅದಕ್ಕೆಂದೇ ಅಸೆಂಬ್ಲಿಯಲ್ಲಿ, ಎಂದರೆ ನೇರ ಪ್ರೊಸೆಸರಿನ ಭಾಷೆಯಲ್ಲಿ, ಬರೆದ ಆಟ ಈ ಎರಡರಲ್ಲೂ ನಡೆಯುವುದಿಲ್ಲ.

ಇಷ್ಟು ಬಿಡಿಸಿ ಹೇಳಲು ಕಾರಣವಿದೆ. ಮೂರೂ ಮಾಡೆಲ್‌ಗಳ ಪ್ರೋಗ್ರಾಮ್ ಫೈಲಿನ ಬಾಲ ಒಂದೇ: ‘ಡಾಟ್ 8ಎಕ್ಸ್‌ಪಿ’. ಕಂಪ್ಯೂಟರ್ ಯಾವ ಫೈಲನ್ನು ಬೇಕಾದರೂ ಯಾವುದಕ್ಕೆ ಬೇಕಾದರೂ ಕಳಿಸಿಬಿಡುತ್ತದೆ, ತಕರಾರು ಮಾಡುವುದಿಲ್ಲ. 84 ಪ್ಲಸ್‌ಗೆ ಬರೆದ ಅಸೆಂಬ್ಲಿ ಆಟವನ್ನು ಸಿಇಯಲ್ಲಿ ಓಡಿಸಲು ಹೋದಾಗ ಮಾತ್ರ ಎರರ್ ಬರುತ್ತದೆ, ಇಲ್ಲವೇ ಯಂತ್ರ ಹ್ಯಾಂಗ್ ಆಗುತ್ತದೆ. ಇಳಿಸಿಕೊಳ್ಳುವ ಮೊದಲು ಆಟದ ವಿವರದಲ್ಲಿ ‘ಸಿಇ’ ಎಂದಿದೆಯೇ ನೋಡಿ.

ಓಎಸ್ ಆವೃತ್ತಿ: ಅಪ್‌ಡೇಟ್ ಮಾಡುವ ಮೊದಲು ಕೈ ತಡೆಯಿರಿ

‘ಸೆಕೆಂಡ್’ ಕೀ ಒತ್ತಿ, ಆಮೇಲೆ ಪ್ಲಸ್ ಕೀ. ಮೆಮೊರಿ ಮೆನು ತೆರೆಯುತ್ತದೆ. ಅದರಲ್ಲಿ ಮೊದಲನೆಯದು ‘ಅಬೌಟ್’, ಅದನ್ನು ಆರಿಸಿ. ಮಾಡೆಲಿನ ಹೆಸರಿನ ಜೊತೆಗೇ ಆವೃತ್ತಿಯ ಸಂಖ್ಯೆ ಕಾಣುತ್ತದೆ. ಅದನ್ನು ಒಂದು ಚೀಟಿಯಲ್ಲಿ ಬರೆದಿಟ್ಟುಕೊಳ್ಳಿ.

ಸಿಇಯಲ್ಲಿ ಓಡುವ ಆಟಗಳು ಮುಖ್ಯವಾಗಿ ಎರಡು ಬಗೆ. ಒಂದು ಟಿಐ-ಬೇಸಿಕ್‌ನಲ್ಲಿ ಬರೆದದ್ದು. ಕ್ಯಾಲ್ಕ್ಯುಲೇಟರೇ ಸಾಲುಸಾಲಾಗಿ ಓದಿ ನಡೆಸುತ್ತದೆ, ನಿಧಾನ, ಆದರೆ ಯಾವ ಓಎಸ್‌ನಲ್ಲಾದರೂ ನಡೆಯುತ್ತದೆ. ಇನ್ನೊಂದು ಅಸೆಂಬ್ಲಿ ಅಥವಾ ಸಿ ಭಾಷೆಯಲ್ಲಿ ಬರೆದದ್ದು. ನೇರ ಪ್ರೊಸೆಸರ್ ಮೇಲೆ ಓಡುತ್ತದೆ. ಓಡುವ, ಹಾರುವ, ಗುಂಡು ಹಾರಿಸುವ ಆಟಗಳೆಲ್ಲ ಈ ಎರಡನೆಯ ಬಗೆಯವು. 2020ರಲ್ಲಿ ಬಂದ 5.5.1 ಆವೃತ್ತಿಯಿಂದ ಕಂಪನಿ ಈ ಎರಡನೆಯ ಬಗೆಯನ್ನು ಓಡಿಸುವ ಸೌಲಭ್ಯವನ್ನೇ ತೆಗೆದುಹಾಕಿತು. ಪರೀಕ್ಷೆಯ ಭದ್ರತೆಯ ಪ್ರಶ್ನೆ ಎದ್ದದ್ದರ ಫಲ ಅದು.

ಹಾಗಾಗಿ ನಿಮ್ಮಲ್ಲಿ 5.3 ಅಥವಾ 5.4 ಇದ್ದರೆ ಸುಮ್ಮನೆ ಹಾಗೇ ಇಟ್ಟುಕೊಳ್ಳಿ. ಕೇಬಲ್ ಚುಚ್ಚಿದ ಕೂಡಲೇ ಕಂಪ್ಯೂಟರಿನ ತಂತ್ರಾಂಶ ‘ಹೊಸ ಓಎಸ್ ಇದೆ, ಹಾಕಲೇ?’ ಎಂದು ಕೇಳಬಹುದು. ಬೇಡ ಎನ್ನಿ. ಒಮ್ಮೆ ಮೇಲಕ್ಕೆ ಹೋದರೆ ಸಾಮಾನ್ಯವಾಗಿ ಹಿಂದಿನ ಆವೃತ್ತಿಗೆ ಇಳಿಯಲು ಬರುವುದಿಲ್ಲ, ಕ್ಯಾಲ್ಕ್ಯುಲೇಟರೇ ಹಳೆಯದನ್ನು ತಿರಸ್ಕರಿಸುತ್ತದೆ. ಈಗಾಗಲೇ 5.5.1 ದಾಟಿದ್ದರೂ ದಾರಿಯಿದೆ, ಮುಂದೆ ಬರುತ್ತದೆ.

ಬೇಕಾದ ಸಾಮಾನು

ಸಿಇಯಲ್ಲಿರುವುದು ಮಿನಿ-ಯುಎಸ್‌ಬಿ ತೂತು. ಮೈಕ್ರೋ ಅಲ್ಲ, ಸಿ-ಟೈಪ್ ಅಲ್ಲ. ಫೋನಿನ ಕೇಬಲ್ ಹಿಡಿಯುವುದಿಲ್ಲ. ಹಳೆಯ ಡಿಜಿಟಲ್ ಕ್ಯಾಮೆರಾ, ಕಾರಿನ ಡ್ಯಾಶ್‌ಕ್ಯಾಮ್, ಹೊರಗಿಡುವ ಹಳೆಯ ಹಾರ್ಡ್‌ಡಿಸ್ಕ್‌ಗಳ ಜೊತೆ ಬರುತ್ತಿದ್ದ ಕೇಬಲ್ ಸರಿಹೊಂದುತ್ತದೆ. ಅಂಗಡಿಯಲ್ಲಿ ಕೊಳ್ಳುವಾಗ ‘ಡೇಟಾ ಹೋಗುವ ಕೇಬಲ್’ ಎಂದೇ ಕೇಳಿ. ಚಾರ್ಜಿಗೆ ಮಾತ್ರ ಮಾಡಿದ ಅಗ್ಗದ ಕೇಬಲ್ಲಿನಲ್ಲಿ ಡೇಟಾದ ಎರಡು ತಂತಿ ಇರುವುದೇ ಇಲ್ಲ. ಕ್ಯಾಲ್ಕ್ಯುಲೇಟರ್ ಚಾರ್ಜ್ ಆಗುತ್ತಿರುತ್ತದೆ, ಕಂಪ್ಯೂಟರಿಗೆ ಮಾತ್ರ ಕಾಣಿಸುವುದಿಲ್ಲ. ಗಂಟೆಗಟ್ಟಲೆ ಡ್ರೈವರ್ ಹುಡುಕುವ ಮೊದಲು ಕೇಬಲ್ ಬದಲಿಸಿ ನೋಡಿ.

ಕಂಪ್ಯೂಟರಿನಲ್ಲಿ ‘ಟಿಐ ಕನೆಕ್ಟ್ ಸಿಇ’ ಬೇಕು. ಕಂಪನಿಯ ಶಿಕ್ಷಣ ವಿಭಾಗದ ತಾಣದಲ್ಲಿ ಉಚಿತ. ವಿಂಡೋಸ್, ಮ್ಯಾಕ್ ಎರಡಕ್ಕೂ ಇದೆ. ಲಿನಕ್ಸ್ ಬಳಸುವವರಿಗೆ ‘ಟಿಲ್ಪ್’ ಎಂಬ ಮುಕ್ತ ತಂತ್ರಾಂಶವಿದೆ.

ಆಟ ಸಿಗುವ ಜಾಗ ಎರಡು ಗೊತ್ತಿದ್ದರೆ ಸಾಕು: 1996ರಿಂದ ನಡೆದುಬಂದ ‘ಟಿಐಕ್ಯಾಲ್ಕ್ ಡಾಟ್ ಆರ್ಗ್’ ಮತ್ತು ‘ಕೆಮೆಟೆಕ್’. ಎರಡನೆಯದರ ಹೆಸರು ಇಂಗ್ಲಿಷಿನಲ್ಲಿ ‘ಸಿ’ ಅಕ್ಷರದಿಂದ ಶುರು, ಹುಡುಕುವಾಗ ‘ಕೆ’ ಹಾಕಬೇಡಿ. ಎರಡರಲ್ಲೂ ದುಡ್ಡು ಕೇಳುವುದಿಲ್ಲ. ಕ್ಯಾಲ್ಕ್ಯುಲೇಟರ್ ಆಟಕ್ಕೆ ದುಡ್ಡು ಕೇಳುವ, ಅಥವಾ ‘ಡಾಟ್ ಇಎಕ್ಸ್‌ಇ’ ಫೈಲು ಕೊಡುವ ತಾಣ ಕಂಡರೆ ಅದನ್ನು ಮುಚ್ಚಿ. ಆಟದ ಫೈಲಿಗೆ ಕಂಪ್ಯೂಟರಿನಲ್ಲಿ ಇನ್‌ಸ್ಟಾಲ್ ಆಗುವ ಅಗತ್ಯವೇ ಇಲ್ಲ.

ಜಿಪ್ ಬಿಚ್ಚಿದಾಗ ಕಾಣುವ ಫೈಲುಗಳು

ಇಳಿಸಿಕೊಂಡದ್ದು ಜಿಪ್ ಆಗಿರುತ್ತದೆ. ಮೊದಲು ಪೂರ್ತಿ ಬಿಚ್ಚಿ, ಜಿಪ್ ಒಳಗಿನಿಂದಲೇ ಎಳೆದುಹಾಕಲು ಹೋಗಬೇಡಿ. ಒಳಗೆ ಸಿಗುವ ‘8ಎಕ್ಸ್‌ಪಿ’ ಎಂದರೆ ಪ್ರೋಗ್ರಾಮು, ‘8ಎಕ್ಸ್‌ವಿ’ ಎಂದರೆ ಆ್ಯಪ್‌ವಾರ್ (ಪ್ರೋಗ್ರಾಮು ಬಳಸುವ ಮಾಹಿತಿಯ ಫೈಲು), ‘8ಎಕ್ಸ್‌ಜಿ’ ಎಂದರೆ ಹಲವು ಫೈಲುಗಳ ಗಂಟು, ‘8ಇಕೆ’ ಎಂದರೆ ಸಿಇಯ ಆ್ಯಪ್. ‘8ಇಯು’ ಎಂಬುದು ಓಎಸ್, ಅದನ್ನು ಮುಟ್ಟಬೇಡಿ. ಹಳೆಯ 84 ಪ್ಲಸ್‌ನ ಆ್ಯಪ್‌ಗೆ ‘8ಎಕ್ಸ್‌ಕೆ’ ಎಂಬ ಬಾಲ.

ಆ್ಯಪ್‌ವಾರ್ ಬಗ್ಗೆ ಒಂದು ಮಾತು ಹೆಚ್ಚಿಗೆ ಹೇಳಬೇಕು. ಈ ಕ್ಯಾಲ್ಕ್ಯುಲೇಟರಿನಲ್ಲಿ ಒಂದು ಪ್ರೋಗ್ರಾಮಾಗಲಿ ಆ್ಯಪ್‌ವಾರ್ ಆಗಲಿ ಸುಮಾರು 64 ಕೆಬಿ ಮೀರುವಂತಿಲ್ಲ, ಗಾತ್ರವನ್ನು ಬರೆದಿಡಲು ಇರುವುದೇ ಎರಡು ಬೈಟ್. ಆದ್ದರಿಂದ ದೊಡ್ಡ ಆಟ ಬರೆಯುವವರು ಚಿತ್ರಗಳನ್ನೂ ಹಂತಗಳನ್ನೂ ಬೇರೆ ಆ್ಯಪ್‌ವಾರ್‌ಗಳಲ್ಲಿ ಇಡುತ್ತಾರೆ. ಸಿಇಯಲ್ಲಿ ಹೆಸರು ಮಾಡಿದ ‘ಓಯಿರಾಮ್’ ಹಾಗೆಯೇ: ಪ್ರೋಗ್ರಾಮು ಒಂದು, ಚಿತ್ರದ ಕಟ್ಟು ಬೇರೆ, ಹಂತಗಳ ಕಟ್ಟು ಬೇರೆ. ಪ್ರೋಗ್ರಾಮನ್ನಷ್ಟೇ ಕಳಿಸಿ, ತೆರೆದ ಕೂಡಲೇ ಮುಚ್ಚಿಕೊಂಡಿತು ಎಂದು ದೂರುವವರು ಬಹಳ. ಜಿಪ್‌ನಲ್ಲಿರುವ ಓದುಕಡತವನ್ನು (ರೀಡ್‌ಮಿ) ಎರಡು ನಿಮಿಷ ಓದಿ, ಯಾವ್ಯಾವುದು ಬೇಕೆಂದು ಅದರಲ್ಲೇ ಇರುತ್ತದೆ.

ಕಳಿಸುವ ಕ್ರಮ

1. ಕ್ಯಾಲ್ಕ್ಯುಲೇಟರ್ ಆನ್ ಮಾಡಿ, ಲೆಕ್ಕ ಬರೆಯುವ ಖಾಲಿ ಹೋಮ್ ಪರದೆಗೆ ಬನ್ನಿ. ಮೆನುವೊಂದು ತೆರೆದಿದ್ದರೆ ಸಂಪರ್ಕ ಸಿಗದೆ ಹೋಗಬಹುದು.

2. ಕೇಬಲ್ಲಿನ ತುದಿ ‘ಟಕ್’ ಎನ್ನುವವರೆಗೂ ಒಳಗೆ ಒತ್ತಿ. ಮಿನಿ ತೂತು ಆಳ. ಕೂತಂತೆ ಕಂಡರೂ ಅರ್ಧದಲ್ಲೇ ನಿಂತಿರುತ್ತದೆ.

3. ಟಿಐ ಕನೆಕ್ಟ್ ಸಿಇ ತೆರೆದು, ಎಡಗಡೆಯ ‘ಕ್ಯಾಲ್ಕ್ಯುಲೇಟರ್ ಎಕ್ಸ್‌ಪ್ಲೋರರ್’ ಆರಿಸಿ. ನಿಮ್ಮ ಕ್ಯಾಲ್ಕ್ಯುಲೇಟರಿನ ಹೆಸರು, ಅದರೊಳಗಿನ ಪಟ್ಟಿ ಕಾಣಬೇಕು.

4. ಹೊಸದೇನನ್ನೂ ಹಾಕುವ ಮೊದಲು, ಒಳಗಿರುವ ನಿಮ್ಮ ಪ್ರೋಗ್ರಾಮು, ಲಿಸ್ಟುಗಳನ್ನು ಕಂಪ್ಯೂಟರಿಗೆ ಎಳೆದು ಒಂದು ಫೋಲ್ಡರಿನಲ್ಲಿ ಇಟ್ಟುಕೊಳ್ಳಿ.

5. ಆಟದ ಫೈಲುಗಳನ್ನೆಲ್ಲ ಒಟ್ಟಿಗೆ ಆರಿಸಿ ಪಟ್ಟಿಯ ಮೇಲೆ ಎಳೆದುಬಿಡಿ. ಒಂದು ಕಿಟಕಿ ತೆರೆದು ಎಲ್ಲಿಡಬೇಕು ಎಂದು ಕೇಳುತ್ತದೆ: ರ್‍ಯಾಮ್ ಅಥವಾ ಆರ್ಕೈವ್. ಆ್ಯಪ್‌ವಾರ್, ಲೈಬ್ರರಿಗಳಿಗೆ ಆರ್ಕೈವ್ ಆರಿಸಿ. ಆಟದ ಪ್ರೋಗ್ರಾಮು ಎಲ್ಲಿರಬೇಕು ಎಂಬುದು ಮುಂದಿನ ಮಾತು.

6. ‘ಸೆಂಡ್’ ಒತ್ತಿ. ಪಟ್ಟಿ ಮುಗಿಯುವವರೆಗೆ ಕೇಬಲ್ ಕೀಳಬೇಡಿ.

ಆರ್ಕೈವ್ ಎಂದರೆ ಫ್ಲಾಶ್ ಮೆಮೊರಿ, ರೀಸೆಟ್ ಆದರೂ ಉಳಿಯುತ್ತದೆ. ರ್‍ಯಾಮ್‌ನಲ್ಲಿರುವುದು ರೀಸೆಟ್ ಆದ ಕ್ಷಣ ಹೋಗುತ್ತದೆ. ಆಟ ಹ್ಯಾಂಗ್ ಆದಾಗ ಬರುವ ‘ರ್‍ಯಾಮ್ ಕ್ಲಿಯರ್ಡ್’ ಎಂಬ ಸಾಲು ಹೇಳುವುದೂ ಅದನ್ನೇ. ಆದರೆ ಕ್ಯಾಲ್ಕ್ಯುಲೇಟರಿನ ಸ್ವಂತ ಪ್ರೋಗ್ರಾಮ್ ಮೆನು ಆರ್ಕೈವ್‌ನಲ್ಲಿರುವುದನ್ನು ಓಡಿಸುವುದಿಲ್ಲ, ‘ಆರ್ಕೈವ್ಡ್’ ಎಂಬ ಎರರ್ ತೋರಿಸುತ್ತದೆ. ಹೆಸರಿನ ಎಡಗಡೆ ನಕ್ಷತ್ರ ಇದ್ದರೆ ಅದು ಆರ್ಕೈವ್‌ನಲ್ಲಿದೆ ಎಂದರ್ಥ. ‘ಸೆಕೆಂಡ್’, ಪ್ಲಸ್ ಒತ್ತಿ, 2ನೆಯ ‘ಮೆಮ್ ಮ್ಯಾನೇಜ್‌ಮೆಂಟ್’ ಆರಿಸಿ, ಆ ಹೆಸರಿನ ಮೇಲೆ ‘ಎಂಟರ್’ ಒತ್ತಿದರೆ ನಕ್ಷತ್ರ ಹೋಗುತ್ತದೆ, ಇನ್ನೊಮ್ಮೆ ಒತ್ತಿದರೆ ಬರುತ್ತದೆ. ಹೀಗೆ ಪ್ರತಿ ಸಲ ಒಳಗೆ-ಹೊರಗೆ ಮಾಡುವ ಗೋಳು ಬೇಡವೆಂದರೆ ಶೆಲ್, ಎಂದರೆ ಆಟಗಳನ್ನು ಪಟ್ಟಿಮಾಡಿ ಓಡಿಸಿಕೊಡುವ ಪ್ರೋಗ್ರಾಮು, ಹಾಕಿಕೊಳ್ಳಬೇಕು.

ಸಿ ಲೈಬ್ರರಿಗಳು

ಸಿ ಭಾಷೆಯಲ್ಲಿ ಬರೆದ ಆಟಗಳು ಚಿತ್ರ ಬಿಡಿಸಲು, ಕೀಲಿ ಓದಲು, ಅಂಕ ಉಳಿಸಲು ಹಂಚಿಕೊಂಡು ಬಳಸುವ ಲೈಬ್ರರಿಗಳಿವೆ: ‘ಗ್ರಾಫ್‌ಎಕ್ಸ್’, ‘ಕೀಪ್ಯಾಡ್‌ಸಿ’, ‘ಫೈಲ್‌ಐಓಸಿ’ ಮುಂತಾದವು. ಇವನ್ನೆಲ್ಲ ಎತ್ತಿಕೊಡುವುದು ‘ಲಿಬ್‌ಲೋಡ್’. ಎಲ್ಲ ಸೇರಿಸಿ ‘ಸಿಲಿಬ್ಸ್’ ಎಂಬ ಒಂದೇ 8ಎಕ್ಸ್‌ಜಿ ಗಂಟಾಗಿ ಸಿಗುತ್ತದೆ. ಒಂದು ಸಲ ಕಳಿಸಿದರೆ ಎಲ್ಲ ಆಟಕ್ಕೂ ಆಯಿತು.

ಆಟ ತೆರೆದಾಗ ಬಿಳಿ ಪರದೆಯ ಮೇಲೆ ಲಿಬ್‌ಲೋಡ್ ಬೇಕು ಎಂಬ ಸಾಲು ಬಂದರೆ ಲೈಬ್ರರಿ ಹಾಕಿಲ್ಲ. ಲೈಬ್ರರಿಯ ಆವೃತ್ತಿ ಸರಿಯಿಲ್ಲ ಎಂದರೆ ಹಾಕಿದ್ದು ಹಳೆಯದಾಗಿದೆ, ಹೊಸ ಗಂಟು ಇಳಿಸಿ ಮತ್ತೆ ಕಳಿಸಿ. ಹೊಸ ಲೈಬ್ರರಿಯಲ್ಲಿ ಹಳೆಯ ಆಟ ಸಾಮಾನ್ಯವಾಗಿ ನಡೆಯುತ್ತದೆ, ಹಳೆಯ ಲೈಬ್ರರಿಯಲ್ಲಿ ಹೊಸ ಆಟ ನಡೆಯುವುದಿಲ್ಲ. ಬಿಡಿ ಲೈಬ್ರರಿಗಳನ್ನು ಅಲ್ಲೊಂದು ಇಲ್ಲೊಂದು ಹೆಕ್ಕಬೇಡಿ, ಪೂರ್ತಿ ಗಂಟನ್ನೇ ಹಾಕಿ.

5.5.1 ದಾಟಿದವರಿಗೆ: ಆರ್ಟಿಫೈಸ್

ಕಂಪನಿ ತೆಗೆದುಹಾಕಿದ ಸೌಲಭ್ಯವನ್ನು ಮರಳಿ ತರುವ ‘ಆರ್ಟಿಫೈಸ್’ ಎಂಬ ಸಣ್ಣ ಫೈಲನ್ನು ಹವ್ಯಾಸಿ ಪ್ರೋಗ್ರಾಮರುಗಳು 2020ರಲ್ಲೇ ಹೊರತಂದರು. ಕ್ಯಾಲ್ಕ್ಯುಲೇಟರಿನಲ್ಲೇ ಇರುವ ‘ಕ್ಯಾಬ್ರಿ ಜೂನಿಯರ್’ ಎಂಬ ರೇಖಾಗಣಿತದ ಆ್ಯಪ್ ತನ್ನ ಚಿತ್ರದ ಫೈಲನ್ನು ತೆರೆಯುವಾಗ ಬಿಡುವ ಸಂದಿನಲ್ಲಿ ಇದು ಒಳಗೆ ನುಸುಳುತ್ತದೆ. ಓಎಸ್ ಬದಲಾಗುವುದಿಲ್ಲ.

ಆರ್ಟಿಫೈಸ್‌ನ ಆ್ಯಪ್‌ವಾರ್ ಜೊತೆಗೆ ಸೀಸಿಯಂ ಶೆಲ್ಲಿನ ಫೈಲನ್ನೂ ಕಳಿಸಿ. ‘ಆ್ಯಪ್ಸ್’ ಕೀ ಒತ್ತಿ ಕ್ಯಾಬ್ರಿ ಜೂನಿಯರ್ ತೆರೆಯಿರಿ. ಸ್ವಾಗತದ ಪರದೆ ದಾಟಲು ಯಾವುದಾದರೂ ಕೀ ಒತ್ತಿ. ಈಗ ಎಡ ಮೇಲ್ತುದಿಯ ‘ವೈ=’ ಕೀ ಒತ್ತಿದರೆ ಫೈಲ್ ಮೆನು ಇಳಿಯುತ್ತದೆ. ‘ಓಪನ್’ ಆರಿಸಿ, ಪಟ್ಟಿಯಲ್ಲಿ ಆರ್ಟಿಫೈಸ್ ಮೇಲೆ ‘ಎಂಟರ್’. ಓಡಿಸಬಹುದಾದ ಪ್ರೋಗ್ರಾಮುಗಳ ಪಟ್ಟಿ ಬರುತ್ತದೆ, ಅದರಲ್ಲಿ ಸೀಸಿಯಂ ಆರಿಸಿದರೆ ಅದು ತನ್ನನ್ನು ಆ್ಯಪ್ ಆಗಿ ಇನ್‌ಸ್ಟಾಲ್ ಮಾಡಿಕೊಳ್ಳುತ್ತದೆ.

ಪಟ್ಟಿಯಲ್ಲಿ ಆರ್ಟಿಫೈಸ್ ಕಾಣದಿದ್ದರೆ ಫೈಲು ಹೋಗಿಲ್ಲ. ಕ್ಯಾಬ್ರಿ ಜೂನಿಯರ್ ಆ್ಯಪ್ಸ್ ಮೆನುವಿನಲ್ಲೇ ಇಲ್ಲದಿದ್ದರೆ ಯಾರೋ ಜಾಗಕ್ಕಾಗಿ ಅಳಿಸಿದ್ದಾರೆ, ಅದನ್ನು ಮತ್ತೆ ಕಳಿಸಬೇಕು. ಆರ್ಟಿಫೈಸ್‌ನ ಯಾವ ಆವೃತ್ತಿ ಯಾವ ಓಎಸ್‌ಗೆ ಎಂಬುದನ್ನು ಅದರ ಪುಟದಲ್ಲೇ ಬರೆದಿರುತ್ತಾರೆ. ಚೀಟಿಯಲ್ಲಿ ಬರೆದಿಟ್ಟ ಸಂಖ್ಯೆ ಕೆಲಸಕ್ಕೆ ಬರುವುದು ಇಲ್ಲಿ. ಯಂತ್ರ ಶಾಲೆಯ ಸ್ವತ್ತಾಗಿದ್ದರೆ ಈ ಹೆಜ್ಜೆಗೆ ಕೈ ಹಾಕಬೇಡಿ, ಅದು ನಿಮ್ಮದಲ್ಲ.

ಸೀಸಿಯಂ ಶೆಲ್

5.5.1ಕ್ಕಿಂತ ಹಿಂದಿನ ಓಎಸ್ ಇರುವವರಿಗೆ ಇನ್ನೂ ಸುಲಭ. ಸೀಸಿಯಂ ಫೈಲನ್ನು ರ್‍ಯಾಮ್‌ಗೆ ಕಳಿಸಿ, ‘ಪ್ರೋಗ್ರಾಮ್’ ಕೀ ಒತ್ತಿ, ಹೆಸರು ಆರಿಸಿ, ‘ಎಂಟರ್’ ಎರಡು ಸಲ. 5.2 ಮತ್ತು ಅದಕ್ಕಿಂತ ಹಳೆಯದರಲ್ಲಿ ಪ್ರೋಗ್ರಾಮಿನ ಹೆಸರಿನ ಎಡಗಡೆ ‘ಎಎಸ್‌ಎಂ ಆವರಣ’ದ ಆಜ್ಞೆ ಬೇಕು. ‘ಸೆಕೆಂಡ್’, ಸೊನ್ನೆ ಒತ್ತಿದರೆ ತೆರೆಯುವ ಕ್ಯಾಟಲಾಗಿನಲ್ಲಿ ಎ ಅಕ್ಷರದ ಕೆಳಗೆ ಅದು ಸಿಗುತ್ತದೆ. 5.3ರಿಂದ ಅದರ ಅಗತ್ಯವಿಲ್ಲ.

ಇನ್‌ಸ್ಟಾಲ್ ಆದ ಮೇಲೆ ಸೀಸಿಯಂ ಆ್ಯಪ್ಸ್ ಮೆನುವಿನಲ್ಲಿ ಇರುತ್ತದೆ. ಬಾಣದ ಕೀಲಿಗಳಿಂದ ಆಟ ಆರಿಸಿ ‘ಎಂಟರ್’ ಒತ್ತುವುದು, ‘ಮೋಡ್’ ಒತ್ತಿದರೆ ಸೆಟ್ಟಿಂಗ್, ‘ಕ್ಲಿಯರ್’ ಒತ್ತಿದರೆ ಹೊರಕ್ಕೆ. ಇದರ ನಿಜವಾದ ಉಪಕಾರ ಬೇರೆ: ಆರ್ಕೈವ್‌ನಲ್ಲಿರುವ ಆಟವನ್ನು ತಾನೇ ರ್‍ಯಾಮ್‌ಗೆ ನಕಲಿಸಿ ಓಡಿಸುತ್ತದೆ. ಆದ್ದರಿಂದ ಶೆಲ್ ಬಂದ ಮೇಲೆ ಎಲ್ಲ ಆಟವನ್ನೂ ಆರ್ಕೈವ್‌ಗೆ ಹಾಕಿಬಿಡಿ, ರೀಸೆಟ್ ಆದರೂ ಚಿಂತೆಯಿಲ್ಲ.

ಮೊದಲ ಆಟವಾಗಿ ‘ಫೀನಿಕ್ಸ್’ ಹಾಕಿ. ಪ್ಯಾಟ್ರಿಕ್ ಡೇವಿಡ್‌ಸನ್ ಬರೆದ, ಟಿಐ ಕ್ಯಾಲ್ಕ್ಯುಲೇಟರುಗಳ ಹಲವು ಮಾಡೆಲ್‌ಗಳಿಗೆ ಬಂದಿರುವ ವ್ಯೋಮನೌಕೆಯ ಆಟ ಅದು. ಸಿಇ ಆವೃತ್ತಿಯನ್ನೇ ಆರಿಸಿಕೊಳ್ಳಿ. ಹೆಚ್ಚಿನ ಆಟಗಳಲ್ಲಿ ಚಲನೆಗೆ ಬಾಣ, ಹಾರಲು ಅಥವಾ ಗುಂಡಿಗೆ ‘ಸೆಕೆಂಡ್’, ಬಿಟ್ಟು ಹೊರಡಲು ‘ಕ್ಲಿಯರ್’. ಹೊರಡುವುದು ಹೇಗೆಂದು ತಿಳಿಯದೆ ಆಟ ಶುರುಮಾಡಬೇಡಿ. ಅಸೆಂಬ್ಲಿ ಆಟದೊಳಗೆ ‘ಆನ್’ ಕೀ ಕೂಡ ಕೈಕೊಡಬಹುದು.

ಹಳೆಯ 84 ಪ್ಲಸ್‌ನಲ್ಲಿ ‘ಡನ್’ ಎಂದಷ್ಟೇ ಬಂದರೆ

ಆಟ ಓಡಿಸಿದ ಕೂಡಲೇ ‘ಡನ್’ ಎಂದು ಬಂದು ಏನೂ ಆಗಲಿಲ್ಲವೆಂದರೆ ಫೈಲು ಕೆಟ್ಟಿಲ್ಲ. ‘ಅಯಾನ್’, ‘ಮಿರಾಜ್‌ಓಎಸ್’ ಶೆಲ್ಲುಗಳಿಗೆ ಬರೆದ ಆಟಗಳ ಮೊದಲ ಆಜ್ಞೆಯೇ ‘ಹಿಂದಿರುಗು’. ಶೆಲ್ ಇಲ್ಲದೆ ಓಡಿಸಿದರೆ ಯಂತ್ರ ಕೆಡದಿರಲಿ ಎಂದು ಬರೆದವರು ಹಾಗೆ ಇಟ್ಟಿರುತ್ತಾರೆ. ಶೆಲ್ ಆ ಆಜ್ಞೆಯನ್ನು ಹಾರಿ ಮುಂದಿನದರಿಂದ ಶುರುಮಾಡುತ್ತದೆ. ‘ಡೋರ್ಸ್ ಸಿಎಸ್ 7’ ಎಂಬ ಆ್ಯಪ್ ಹಾಕಿದರೆ ಅಯಾನ್, ಮಿರಾಜ್, ಬೇಸಿಕ್ ಮೂರೂ ಬಗೆಯ ಆಟ ಅದರಲ್ಲೇ ನಡೆಯುತ್ತವೆ. 2.53 ಮತ್ತು 2.55ರ ಮ್ಯಾಥ್‌ಪ್ರಿಂಟ್ ಓಎಸ್‌ಗಳಲ್ಲಿ ಕೆಲವು ಹಳೆಯ ಆಟ ಮುಗ್ಗರಿಸುತ್ತವೆ, ಅದು ಆಟದ ಕೊರತೆ, ನಿಮ್ಮದಲ್ಲ.

ಕೇಬಲ್ಲೂ ಬೇಡ: ನೀವೇ ಬರೆಯುವ ಆಟ

ಕಂಪ್ಯೂಟರ್ ಹತ್ತಿರವಿಲ್ಲದಿದ್ದರೆ ಹನ್ನೊಂದು ಸಾಲಿನ ಆಟವೊಂದನ್ನು ಕೀಲಿ ಒತ್ತಿಯೇ ಬರೆಯಬಹುದು. ಕ್ಯಾಲ್ಕ್ಯುಲೇಟರ್ 1ರಿಂದ 100ರೊಳಗೆ ಒಂದು ಸಂಖ್ಯೆ ನೆನೆಸಿಕೊಳ್ಳುತ್ತದೆ, ನೀವು ಊಹಿಸಬೇಕು. ‘ಪ್ರೋಗ್ರಾಮ್’ ಕೀ, ಬಲಬಾಣದಿಂದ ‘ನ್ಯೂ’, ಹೆಸರು ಕೊಡಿ (ಎಂಟು ಅಕ್ಷರ ಮೀರುವಂತಿಲ್ಲ). ಆಮೇಲೆ ಹೀಗೆ ಬರೆಯಿರಿ. ಆಜ್ಞೆಗಳನ್ನು ಇಲ್ಲಿ ಕನ್ನಡ ಲಿಪಿಯಲ್ಲಿ ಕೊಟ್ಟಿದ್ದೇವೆ, ಪರದೆಯ ಮೇಲೆ ಇಂಗ್ಲಿಷಿನಲ್ಲಿ ಬರುತ್ತವೆ:

ರ್‍ಯಾಂಡ್‌ಇಂಟ್(1,100)→ಎನ್
0→ಟಿ
ರಿಪೀಟ್ ಜಿ=ಎನ್
ಪ್ರಾಂಪ್ಟ್ ಜಿ
ಟಿ+1→ಟಿ
ಇಫ್ ಜಿ<ಎನ್
ಡಿಸ್ಪ್ "ಮೇಲೆ"
ಇಫ್ ಜಿ>ಎನ್
ಡಿಸ್ಪ್ "ಕೆಳಗೆ"
ಎಂಡ್
ಡಿಸ್ಪ್ ಟಿ

ಆಜ್ಞೆಗಳನ್ನು ಅಕ್ಷರ ಅಕ್ಷರವಾಗಿ ಟೈಪ್ ಮಾಡಿದರೆ ನಡೆಯುವುದಿಲ್ಲ, ಮೆನುವಿನಿಂದಲೇ ಎತ್ತಬೇಕು. ಹೊಸಬರು ಮೊದಲು ಎಡವುವುದೇ ಇಲ್ಲಿ. ರ್‍ಯಾಂಡ್‌ಇಂಟ್ ‘ಮ್ಯಾಥ್’ ಕೀಲಿಯ ‘ಪ್ರಾಬ್’ ಮೆನುವಿನಲ್ಲಿ 5ನೆಯದು. ಎಡಿಟರ್ ತೆರೆದಿರುವಾಗ ‘ಪ್ರೋಗ್ರಾಮ್’ ಒತ್ತಿದರೆ ‘ಸಿಟಿಎಲ್’ ಮೆನು ಬರುತ್ತದೆ: ಇಫ್ 1, ರಿಪೀಟ್ 6, ಎಂಡ್ 7. ಪಕ್ಕದ ‘ಐ/ಓ’ ಮೆನುವಿನಲ್ಲಿ ಪ್ರಾಂಪ್ಟ್ 2, ಡಿಸ್ಪ್ 3. ಬಾಣದ ಗುರುತಿಗೆ ‘ಸ್ಟೋ’ ಕೀ. ಸಮ, ಹೆಚ್ಚು, ಕಡಿಮೆಯ ಗುರುತುಗಳು ‘ಸೆಕೆಂಡ್’, ‘ಮ್ಯಾಥ್’ ಒತ್ತಿದರೆ ಬರುವ ‘ಟೆಸ್ಟ್’ ಮೆನುವಿನಲ್ಲಿವೆ. ಉದ್ಧರಣ ಚಿಹ್ನೆಗೆ ‘ಆಲ್ಫಾ’, ಪ್ಲಸ್. ಒಂದೇ ಸಮನೆ ಅಕ್ಷರ ಬರೆಯಲು ‘ಸೆಕೆಂಡ್’, ‘ಆಲ್ಫಾ’ ಒತ್ತಿ ಬೀಗ ಹಾಕಿಕೊಳ್ಳಿ. ಕನ್ನಡ ಅಕ್ಷರ ಇದರಲ್ಲಿಲ್ಲ. ‘ಮೇಲೆ’, ‘ಕೆಳಗೆ’ ಎಂಬುದನ್ನು ಇಂಗ್ಲಿಷ್ ಅಕ್ಷರದಲ್ಲೇ ಬರೆಯಿರಿ, ಓದಲು ಸಲೀಸಾಗಿರುತ್ತದೆ.

‘ವೈಲ್’ ಬಿಟ್ಟು ‘ರಿಪೀಟ್’ ಬಳಸಿದ್ದಕ್ಕೆ ಕಾರಣವಿದೆ. ವೈಲ್ ಸುತ್ತು ಶುರುವಾಗುವ ಮೊದಲೇ ಷರತ್ತು ನೋಡುತ್ತದೆ. ಹಿಂದಿನ ಆಟದಲ್ಲಿ ಜಿಯಲ್ಲಿ ಉಳಿದ ಸಂಖ್ಯೆ ಹೊಸ ಎನ್‌ಗೆ ಸಮವಾಗಿಬಿಟ್ಟರೆ ನಿಮ್ಮನ್ನು ಕೇಳದೆಯೇ ಆಟ ಮುಗಿದುಹೋಗುತ್ತದೆ. ರಿಪೀಟ್ ಷರತ್ತನ್ನು ಎಂಡ್ ತಲುಪಿದ ಮೇಲೆ ನೋಡುವುದರಿಂದ ಒಂದು ಸಲವಾದರೂ ಕೇಳಿಯೇ ಕೇಳುತ್ತದೆ. ಇಫ್ ಆದಮೇಲೆ ‘ದೆನ್’ ಹಾಕಿಲ್ಲದಿರುವುದೂ ಬೇಕೆಂದೇ. ದೆನ್ ಇಲ್ಲದ ಇಫ್ ತನ್ನ ಕೆಳಗಿನ ಒಂದೇ ಸಾಲಿಗೆ ಅನ್ವಯಿಸುತ್ತದೆ, ಅದಕ್ಕೆ ಬೇರೆ ಎಂಡ್ ಬೇಕಾಗುವುದಿಲ್ಲ.

ಇನ್ನೊಂದು ಸೋಜಿಗ. ರೀಸೆಟ್ ಮಾಡಿದ ಯಾವ ಟಿಐ-84 ಆದರೂ ಮೊದಲು ಕೊಡುವ ಯಾದೃಚ್ಛಿಕ ಸಂಖ್ಯೆ ಒಂದೇ: 0.9435974025. ಹಾಗಾಗಿ ರೀಸೆಟ್ ಆದ ಮೇಲೆ ಈ ಆಟದ ಮೊದಲ ಉತ್ತರ 95. ಗೆಳೆಯರಿಬ್ಬರ ಯಂತ್ರದಲ್ಲೂ ಒಂದೇ ಉತ್ತರ ಬಂದರೆ ಗಾಬರಿ ಬೇಡ. ಹೋಮ್ ಪರದೆಯಲ್ಲಿ ನಿಮ್ಮ ಇಷ್ಟದ ಒಂದು ಸಂಖ್ಯೆ ಬರೆದು, ‘ಸ್ಟೋ’ ಒತ್ತಿ, ‘ಪ್ರಾಬ್’ ಮೆನುವಿನ 1ನೆಯ ‘ರ್‍ಯಾಂಡ್’ ಆರಿಸಿ ‘ಎಂಟರ್’ ಒತ್ತಿ. ಅಲ್ಲಿಂದ ಸರಣಿ ಬೇರೆಯಾಗುತ್ತದೆ.

ಪ್ರತಿ ಸಲ ನಡುವಿನ ಸಂಖ್ಯೆ ಹೇಳುತ್ತಾ ಹೋದರೆ ಏಳು ಊಹೆಯೊಳಗೆ ಸಿಕ್ಕೇ ಸಿಗುತ್ತದೆ, ಎರಡರ ಏಳನೇ ಘಾತ 128 ತಾನೇ. ಆಟ ಬಿಗಿ ಮಾಡಲು ಮೂರನೆಯ ಸಾಲನ್ನು ‘ರಿಪೀಟ್ ಜಿ=ಎನ್ ಆರ್ ಟಿ=7’ ಎಂದು ಮಾಡಿ. ಇಲ್ಲಿನ ‘ಆರ್’ ಇಂಗ್ಲಿಷಿನ ಆರ್ ಅಕ್ಷರವಲ್ಲ, ‘ಅಥವಾ’ ಎಂಬರ್ಥದ್ದು, ಟೆಸ್ಟ್ ಮೆನುವಿನ ‘ಲಾಜಿಕ್’ ಪಕ್ಕದಲ್ಲಿರುವ 2ನೆಯ ಆಜ್ಞೆ. ಬೇಸಿಕ್ ಆಟ ಸುತ್ತಿನಲ್ಲಿ ಸಿಕ್ಕಿಕೊಂಡರೆ ‘ಆನ್’ ಒತ್ತಿ. ‘ಬ್ರೇಕ್’ ಎಂದು ಬರುತ್ತದೆ, ‘ಗೋಟು’ ಆರಿಸಿದರೆ ನಿಂತ ಸಾಲಿಗೇ ಕರೆದೊಯ್ಯುತ್ತದೆ.

ಬರೆದದ್ದನ್ನು ಗೆಳೆಯರಿಗೆ ಕೊಡಬೇಕೆ? ಎರಡು ಕ್ಯಾಲ್ಕ್ಯುಲೇಟರನ್ನು ಸೇರಿಸುವ ಮಿನಿ-ಎ, ಮಿನಿ-ಬಿ ಕೇಬಲ್ ಇರಬೇಕು. ಪಡೆಯುವವರು ‘ಸೆಕೆಂಡ್’ ಒತ್ತಿ ‘ಎಕ್ಸ್,ಟಿ’ ಕೀ ಒತ್ತಿದರೆ ಲಿಂಕ್ ಮೆನು, ಅದರಲ್ಲಿ ‘ರಿಸೀವ್’. ಅದು ಕಾಯತೊಡಗಿದ ಮೇಲೆ ಕೊಡುವವರು ‘ಸೆಂಡ್’ನಲ್ಲಿ ಪ್ರೋಗ್ರಾಮು ಆರಿಸಿ ‘ಟ್ರಾನ್ಸ್‌ಮಿಟ್’. ಕ್ರಮ ತಿರುವುಮುರುವಾದರೆ ಲಿಂಕ್ ಎರರ್ ಬರುತ್ತದೆ.

ಕೆಟ್ಟಾಗ

ಯಾವ ಕೀಗೂ ಜಗ್ಗದೆ ಪರದೆ ಹೆಪ್ಪುಗಟ್ಟಿದರೆ ಸಿಇಯ ಬೆನ್ನಿನ ಮೇಲೆ ರೀಸೆಟ್‌ನ ಸಣ್ಣ ಗುಂಡಿಯಿದೆ, ಪೆನ್ನಿನ ತುದಿಯಿಂದ ಒತ್ತಿ. ರ್‍ಯಾಮ್ ಹೋಗುತ್ತದೆ, ಆರ್ಕೈವ್ ಉಳಿಯುತ್ತದೆ. ಹಳೆಯ 84 ಪ್ಲಸ್‌ನಲ್ಲಿ ಒಂದು ಟ್ರಿಪಲ್-ಎ ಬ್ಯಾಟರಿ ಬಿಚ್ಚಿ ಮತ್ತೆ ಹಾಕಿ.

‘ಗಾರ್ಬೇಜ್ ಕಲೆಕ್ಟ್?’ ಎಂದು ಕೇಳಿದರೆ ಹೌದು ಎನ್ನಿ. ಅಳಿಸಿದ ಫೈಲುಗಳ ಜಾಗವನ್ನು ಒಟ್ಟುಗೂಡಿಸುವ ಕೆಲಸ ಅದು. ನಡೆಯುವಾಗ ಮಧ್ಯೆ ರೀಸೆಟ್ ಒತ್ತಬೇಡಿ, ಬ್ಯಾಟರಿ ಕೊನೆಯ ಗೆರೆಯಲ್ಲಿದ್ದರೆ ಮೊದಲು ಚಾರ್ಜಿಗೆ ಹಾಕಿ. ‘ಮೆಮೊರಿ’ ಎರರ್ ಬಂದರೆ ರ್‍ಯಾಮ್ ತುಂಬಿದೆ: ಓಡಿಸದ ಪ್ರೋಗ್ರಾಮುಗಳಿಗೆ ನಕ್ಷತ್ರ ಹಾಕಿ ಆರ್ಕೈವ್‌ಗೆ ಸರಿಸಿ.

ಅನುಮಾನವಿರುವ ಆಟವನ್ನು ಮೊದಲು ಕಂಪ್ಯೂಟರಿನಲ್ಲೇ ಪರೀಕ್ಷಿಸಬಹುದು. ಸಿಇಗೆ ‘ಸಿಎಮು’, 84 ಪ್ಲಸ್‌ಗೆ ‘ವ್ಯಾಬಿಟ್‌ಎಮು’ ಎಂಬ ಎಮ್ಯುಲೇಟರುಗಳಿವೆ, ಎಂದರೆ ಕ್ಯಾಲ್ಕ್ಯುಲೇಟರಿನಂತೆಯೇ ನಡೆಯುವ ತಂತ್ರಾಂಶಗಳು. ಇವಕ್ಕೆ ಬೇಕಾದ ಆರ್‌ಓಎಂ ಕಡತವನ್ನು (ಕ್ಯಾಲ್ಕ್ಯುಲೇಟರಿನೊಳಗಿನ ಮೂಲ ತಂತ್ರಾಂಶದ ನಕಲು) ನಿಮ್ಮದೇ ಕ್ಯಾಲ್ಕ್ಯುಲೇಟರಿನಿಂದ ತೆಗೆದುಕೊಳ್ಳಿ, ಬೇರೆಯವರದನ್ನು ಇಳಿಸಿಕೊಳ್ಳುವುದು ಹಕ್ಕುಸ್ವಾಮ್ಯದ ತಪ್ಪು. ಗೇಮ್‌ಬಾಯ್ ಆಟಗಳನ್ನು ಸಿಇಯಲ್ಲಿ ಓಡಿಸುವ ‘ಟಿಐ-ಬಾಯ್ ಸಿಇ’ಗೂ ಇದೇ ಮಾತು.

ಪರೀಕ್ಷೆಯ ಹಿಂದಿನ ರಾತ್ರಿ

ಐಬಿ ಪರೀಕ್ಷೆಗೆ ಕ್ಯಾಲ್ಕ್ಯುಲೇಟರನ್ನು ‘ಪ್ರೆಸ್-ಟು-ಟೆಸ್ಟ್’ ಸ್ಥಿತಿಗೆ ತಂದೇ ಒಳಗೆ ಹೋಗಬೇಕು. ಯಂತ್ರ ಆಫ್ ಮಾಡಿ, ಎಡಬಾಣ, ಬಲಬಾಣ, ‘ಆನ್’ ಮೂರನ್ನೂ ಒಟ್ಟಿಗೆ ಹಿಡಿದು ಬಿಡಿ. ಬರುವ ಪರದೆಯಲ್ಲಿ ಕೋನದ ಅಳತೆ ಡಿಗ್ರಿಯೋ ರೇಡಿಯನ್ನೋ ಎಂದು ನೋಡಿ ಒಪ್ಪಿಗೆ ಕೊಟ್ಟರೆ ಯಂತ್ರ ಪರೀಕ್ಷೆಯ ಸ್ಥಿತಿಗೆ ಬರುತ್ತದೆ, ಪ್ರೋಗ್ರಾಮುಗಳು ತೆರೆಯುವುದಿಲ್ಲ. ರ್‍ಯಾಮ್‌ನಲ್ಲಿದ್ದದ್ದು ಹಾಗೇ ಇರುತ್ತದೆಂದು ನಂಬಬೇಡಿ, ನೀವೇ ಬರೆದ ಆಟವನ್ನು ಹಿಂದಿನ ರಾತ್ರಿಯೇ ಕಂಪ್ಯೂಟರಿಗೆ ಎಳೆದಿಡಿ. ಈ ಸ್ಥಿತಿಗೆ ಬಂದಂತೆ ನಟಿಸುವ ಪ್ರೋಗ್ರಾಮುಗಳನ್ನು ಹತ್ತಿರಕ್ಕೂ ಸೇರಿಸಬೇಡಿ. ಸಿಕ್ಕಿಬಿದ್ದರೆ ಪರೀಕ್ಷೆಯೇ ರದ್ದಾಗಬಹುದು, ಎಲ್ಲರ ಯಂತ್ರದಿಂದಲೂ ಆಟ ಕಿತ್ತುಕೊಳ್ಳಲು ಕಂಪನಿಗೆ ಸಿಗುವ ನೆಪವೂ ಅದೇ.

ಪರೀಕ್ಷೆ ಮುಗಿದ ಮೇಲೆ ರೀಸೆಟ್ ಒತ್ತಿ ಒದ್ದಾಡಬೇಡಿ. ಕೇಬಲ್ ಚುಚ್ಚಿ, ಟಿಐ ಕನೆಕ್ಟ್ ಸಿಇಯ ‘ಆ್ಯಕ್ಷನ್ಸ್’ ಮೆನುವಿನಲ್ಲಿ ‘ಕ್ವಿಟ್ ಎಕ್ಸಾಮ್ ಮೋಡ್’ ಆರಿಸಿ. ಕಂಪ್ಯೂಟರ್ ಇಲ್ಲದಿದ್ದರೆ ಇನ್ನೊಂದು ಕ್ಯಾಲ್ಕ್ಯುಲೇಟರಿಗೆ ಕೇಬಲ್ ಸೇರಿಸಿ ಯಾವುದಾದರೂ ಒಂದು ಫೈಲು ಕಳಿಸಿದರೂ ಆದೀತು. ಆ ಸ್ಥಿತಿಯಿಂದ ಹೊರಬಂದ ಮೇಲೆ ಆ್ಯಪ್ಸ್ ಒತ್ತಿ, ಸೀಸಿಯಂ ಅಲ್ಲೇ ಇದೆಯೇ ನೋಡಿ.